ಚೆಂಡು ಒದಗಿಸಿದವನ ಚರಿತ್ರೆ

ತಪ್ಪು ನನ್ನದೇ ಆದ್ದರಿಂದ ಅದನ್ನೇ ಮೊದಲು ಹೇಳಿಬಿಡುತ್ತೇನೆ. 2021ರ ಆರಂಭದಲ್ಲಿ, ಕೋವಿಡ್ ಕಾಲದಲ್ಲಿ ಮುಚ್ಚಿದ್ದ ಕಾಲೇಜುಗಳು ಮತ್ತೆ ತೆರೆದ ಹೊಸತರಲ್ಲಿ, ಬಿ.ಎ. ತರಗತಿಯ ಹುಡುಗರಿಗೆ ಒಂದೊಂದು ವ್ಯಕ್ತಿಚಿತ್ರ ಬರೆದು ತರುವಂತೆ ಹೇಳಿದ್ದೆ. ಬಂದವು ಎಂದಿನಂತೆಯೇ ಇದ್ದವು: ಅಜ್ಜಿ, ಊರ ದೇವಸ್ಥಾನದ ಭಟ್ಟರು, ಪ್ರೈಮರಿ ಶಾಲೆಯ ಮೇಷ್ಟ್ರು. ಬಣಕಲ್ಲಿನ ಆಚೆಯ ಒಂದು ಕಾಫಿ ತೋಟದ ಲೈನಿನಿಂದ ಬರುತ್ತಿದ್ದ ಹುಡುಗನೊಬ್ಬ ಮಾತ್ರ ಕಾರ್ಲ್‌ಟನ್ ಚಾಪ್‌ಮನ್ ಎಂಬ ಫುಟ್‌ಬಾಲ್ ಆಟಗಾರನ ಮೇಲೆ ನಾಲ್ಕು ಪುಟ ಬರೆದಿದ್ದ. ಅದರಲ್ಲಿ, 'ಚಾಪ್‌ಮನ್ ಚೆಂಡನ್ನು ಒದಗಿಸುತ್ತಿದ್ದರು' ಎಂಬುದೊಂದು ವಾಕ್ಯ. ನಾನು ಕೆಂಪು ಮಸಿಯಲ್ಲಿ ಆ ಕ್ರಿಯಾಪದವನ್ನು ಹೊಡೆದುಹಾಕಿ 'ಒದೆಯುತ್ತಿದ್ದರು' ಎಂದು ತಿದ್ದಿದೆ. ಅಷ್ಟಕ್ಕೇ ನಿಲ್ಲದೆ ಕೊನೆಯಲ್ಲಿ, 'ತಂಡಗಳ ಪಟ್ಟಿ ಇದೆ; ವ್ಯಕ್ತಿ ಎಲ್ಲಿ?' ಎಂದೂ ಷರಾ ಬರೆದೆ.

ಹುಡುಗ ಪುಸ್ತಕ ತೆಗೆದುಕೊಂಡು ಹೋದವನು ಮರುದಿನ ಸ್ಟಾಫ್ ರೂಮಿನ ಬಾಗಿಲಿಗೆ ಬಂದು ನಿಂತ. "ಸಾರ್, ಅದು ತಪ್ಪಲ್ಲ. ಅವರ ಕೆಲಸ ಒದೆಯೋದಲ್ಲ, ಒದಗಿಸೋದು" ಎಂದ. ನಾನು ನಕ್ಕುಬಿಟ್ಟೆ. ಆ ನಗೆಗೆ ನಾನೇ ಕೊಡಬೇಕಾದ ಸಮಾಧಾನವೆಂದು ವಾಚಕರು ಈ ಲೇಖನವನ್ನು ತಿಳಿಯಬಹುದು.

ಆ ಹುಡುಗ ಬರೆದ ಪಟ್ಟಿ ತಪ್ಪಿಲ್ಲದ ಪಟ್ಟಿ. ಚಾಪ್‌ಮನ್ 1971ರ ಏಪ್ರಿಲ್ 13ರಂದು ಬೆಂಗಳೂರಿನಲ್ಲಿ ಹುಟ್ಟಿದರು. ಅಲ್ಲಿನ ಸಣ್ಣ ಕ್ಲಬ್ಬುಗಳಲ್ಲಿ ಆಡಿ, 1990ರಲ್ಲಿ ಜಮ್‌ಷೆಡ್‌ಪುರದ ಟಾಟಾ ಫುಟ್‌ಬಾಲ್ ಅಕಾಡೆಮಿ ಸೇರಿದರು. 1993ರಲ್ಲಿ ಕಲ್ಕತ್ತೆಯ ಈಸ್ಟ್ ಬೆಂಗಾಲ್. 1995ರಲ್ಲಿ ಪಂಜಾಬಿನ ಫಗ್ವಾಡದ ಜೆ.ಸಿ.ಟಿ. ಬಟ್ಟೆ ಗಿರಣಿಯ ತಂಡ. 1997ರಲ್ಲಿ ಕೇರಳದ ಎಫ್.ಸಿ. ಕೊಚ್ಚಿನ್. 1998ರಲ್ಲಿ ಮರಳಿ ಈಸ್ಟ್ ಬೆಂಗಾಲ್. 2001ರಲ್ಲಿ ಆ ತಂಡ ಅವರ ನಾಯಕತ್ವದಲ್ಲಿ ರಾಷ್ಟ್ರೀಯ ಲೀಗ್ ಗೆದ್ದಿತು. ಅದೇ ವರ್ಷ ಅವರು ಆಟ ನಿಲ್ಲಿಸಿದರು. ಆಮೇಲೆ ಅಕಾಡೆಮಿಯಲ್ಲಿ, ಷಿಲ್ಲಾಂಗಿನಲ್ಲಿ, ಕಲ್ಕತ್ತೆಯಲ್ಲಿ, ಕೊನೆಗೆ ಕಲ್ಲಿಕೋಟೆಯಲ್ಲಿ ತರಬೇತುದಾರರಾಗಿ ದುಡಿದು, 2020ರ ಅಕ್ಟೋಬರ್ 12ರಂದು ಬೆಂಗಳೂರಿನಲ್ಲಿ ಹೃದಯಾಘಾತದಿಂದ ತೀರಿಕೊಂಡರು. ಆಗ ವಯಸ್ಸು 49.

ಇಷ್ಟು ಓದಿದವರಿಗೆ ಏನು ತಿಳಿಯಿತು? ಒಬ್ಬ ಮನುಷ್ಯ ಊರೂರು ಅಲೆದ ಎಂಬುದು ತಿಳಿಯಿತು. ಷರಾ ಬರೆಯುವಾಗ ನನಗೆ ತಿಳಿದದ್ದೂ ಇಷ್ಟೇ. ಆದರೆ ಪಟ್ಟಿಯಲ್ಲಿ ವ್ಯಕ್ತಿ ಕಾಣದಿದ್ದರೆ ದೋಷ ಪಟ್ಟಿಯದೋ, ಓದಿದವನದೋ? ಕನ್ನಡದಲ್ಲಿ ಜೀವನ ಚರಿತ್ರೆಯನ್ನು ಓದುವ ಅಭ್ಯಾಸ ನಮಗೆ ಹೇಗೆ ಬಂದಿದೆಯೆಂದರೆ, ನಾಯಕನು ನಡುವೆ ನಿಂತಿರಬೇಕು, ಮಿಕ್ಕವರೆಲ್ಲ ಅವನ ಸುತ್ತ ಸೇರಬೇಕು. ನಡುಮೈದಾನದ ಆಟಗಾರನು ನಿಲ್ಲುವುದೂ ನಡುವೆಯೇ. ಆದರೆ ಅವನು ತನ್ನ ಸುತ್ತ ಇರುವವರಿಗಾಗಿ ನಿಂತಿರುತ್ತಾನೆ. ನಮ್ಮ ಚರಿತ್ರಕಾರನ ಲೇಖನಿಗೆ ಇದು ಒಗ್ಗದ ಸ್ಥಿತಿ.

ಚಾಪ್‌ಮನ್ ತೀರಿಕೊಂಡಾಗ ಬಂದ ಬರಹಗಳನ್ನು ಈಗ ಮತ್ತೆ ತೆಗೆದು ನೋಡಿದರೆ ಇದು ಸ್ಪಷ್ಟವಾಗುತ್ತದೆ. ಬಹುಮಟ್ಟಿಗೆ ಎಲ್ಲದರಲ್ಲೂ ಮುಂದೆ ನಿಂತದ್ದು ಒಂದೇ ಸಂಗತಿ: 1993ರಲ್ಲಿ ಏಷ್ಯನ್ ಕಪ್ ವಿನ್ನರ್ಸ್ ಕಪ್ಪಿನ ಪಂದ್ಯದಲ್ಲಿ ಇರಾಕಿನ ಅಲ್ ಜವ್ರಾ ತಂಡವನ್ನು ಈಸ್ಟ್ ಬೆಂಗಾಲ್ 6-2ರಿಂದ ಸೋಲಿಸಿತು, ಅದರಲ್ಲಿ ಚಾಪ್‌ಮನ್ನರದು ಮೂರು ಗೋಲು. ದೊಡ್ಡ ಸಾಧನೆ, ಸಂದೇಹವಿಲ್ಲ. ಇಪ್ಪತ್ತೆರಡರ ಹುಡುಗ ಇರಾಕಿನ ಕ್ಲಬ್ಬೊಂದರ ಬಲೆಗೆ ಮೂರು ಬಾರಿ ಚೆಂಡು ಕಳಿಸುವುದು ದಿನಾ ನಡೆಯುವ ಮಾತಲ್ಲ. ಆದರೆ ಹತ್ತು ವರ್ಷ ಪಾಸ್ ಕೊಟ್ಟವನನ್ನು ಒಂದು ದಿನದ ಗೋಲುಗಳಿಗಾಗಿ ನೆನೆಯುವುದೆಂದರೆ, ಜೀವಮಾನವೆಲ್ಲ ಮದ್ದಳೆ ಬಾರಿಸಿದವನನ್ನು ಅವನು ಒಮ್ಮೆ ಹಾಡಿದ ಪದಕ್ಕಾಗಿ ನೆನೆದಂತೆ. ಅವನ ನಿಜವಾದ ಕಸಬು ನಮ್ಮ ಕಣ್ಣಿಗೆ ಬಿದ್ದೇ ಇಲ್ಲ.

ಆ ಕಸಬು ಏನೆಂಬುದನ್ನು ನೋಡಬೇಕಾದರೆ ಜೆ.ಸಿ.ಟಿ.ಯ ದಿನಗಳನ್ನು ನೋಡಬೇಕು. ಅಲ್ಲಿ ಮುಂದೆ ಐ.ಎಂ. ವಿಜಯನ್ ಮತ್ತು ಬೈಚುಂಗ್ ಭುಟಿಯಾ, ಹಿಂದೆ ಚಾಪ್‌ಮನ್. ತ್ರಿಶ್ಶೂರಿನವನೊಬ್ಬ, ಸಿಕ್ಕಿಮಿನವನೊಬ್ಬ, ಬೆಂಗಳೂರಿನವನೊಬ್ಬ. ಆಡಿದ್ದು ಪಂಜಾಬಿನ ಬಟ್ಟೆ ಗಿರಣಿಯ ಹೆಸರಿನಲ್ಲಿ. 1996-97ರಲ್ಲಿ ರಾಷ್ಟ್ರೀಯ ಲೀಗ್ ಮೊಟ್ಟಮೊದಲ ಬಾರಿ ನಡೆದಾಗ ಗೆದ್ದದ್ದು ಈ ತಂಡ. ಭುಟಿಯಾ 14 ಗೋಲು ಹೊಡೆದು ಲೀಗಿನಲ್ಲೇ ಮೊದಲಿಗನಾದ. ನಾನು ಆಗ ಕಾಲೇಜಿಗೆ ಹೋಗುವ ಹುಡುಗ. ಬಣಕಲ್ಲಿನಲ್ಲಿ ಬಸ್ಸಿನಿಂದ ಇಳಿಸಿದ ಪತ್ರಿಕೆಯ ಕೊನೆಯ ಪುಟದ ಅಡಿಯಲ್ಲಿ ಎರಡು ಸಾಲಿನಲ್ಲಿ ಸ್ಕೋರು ಬರುತ್ತಿತ್ತು. ಗೋಲು ಹೊಡೆದವನ ಹೆಸರು, ಪಕ್ಕದಲ್ಲಿ ಎಷ್ಟನೆಯ ನಿಮಿಷ ಎಂಬ ಅಂಕಿ. ಆ ಎರಡು ಸಾಲಿನಲ್ಲಿ ಗೋಲಿಗೆ ಚೆಂಡು ಕಳಿಸಿದವನಿಗೆ ಜಾಗವಿರಲಿಲ್ಲ. ಇಂದಿನವರು ಪಾಸುಗಳನ್ನೂ ಎಣಿಸುತ್ತಾರೆ. ಚಾಪ್‌ಮನ್ ಆಡಿದ್ದು ಎಣಿಸದ ಕಾಲದಲ್ಲಿ. ಎಣಿಸದೆ ಹೋದದ್ದನ್ನು ಹಿಡಿದಿಡುವ ಕೆಲಸ ಭಾಷೆಯದು, ಬರವಣಿಗೆಯದು. ಅದೇ ಆಗಲಿಲ್ಲ.

ಭಾಷೆಯ ಮಾತು ಬಂದದ್ದರಿಂದ ಒಂದು ಸಂಗತಿ. 'ಮಿಡ್‌ಫೀಲ್ಡರ್' ಎಂಬುದಕ್ಕೆ ಕನ್ನಡವೇನು ಎಂದು ಕೇಳಿದರೆ ನಾವು ಪಂಡಿತರು ಕೂಡಲೆ 'ಮಧ್ಯಾಂಗಣ ಕ್ರೀಡಾಪಟು' ಎಂದೋ ಇನ್ನೇನೋ ಕಟ್ಟಿಕೊಡುತ್ತೇವೆ. ನಾಮಪದಗಳನ್ನು ಕಟ್ಟುವುದರಲ್ಲಿ ನಮ್ಮನ್ನು ಮೀರಿಸುವವರಿಲ್ಲ. ಹುಡುಗರು ಮಿಡ್‌ಫೀಲ್ಡರ್ ಎಂದೇ ಅನ್ನುತ್ತಾರೆ, ಅನ್ನಲಿ. ಕೊರತೆಯಿದ್ದದ್ದು ಕ್ರಿಯಾಪದಕ್ಕೆ. ಹೊಡೆ, ಬಾರಿಸು, ಸಿಡಿಸು, ಮುನ್ನುಗ್ಗು: ಕನ್ನಡದ ಕ್ರೀಡಾಪುಟ ಈ ನಾಲ್ಕೈದರಲ್ಲೇ ಕಾಲ ಹಾಕುತ್ತ ಬಂದಿದೆ. ಇವೆಲ್ಲ ಕೊನೆಯ ಗಳಿಗೆಯ ಕ್ರಿಯೆಗಳು. ಅದಕ್ಕೆ ಮುಂಚೆ ಒಬ್ಬನು ತಲೆಯೆತ್ತಿ ನೋಡಿ, ಎದುರಾಳಿಯನ್ನು ತನ್ನತ್ತ ಸೆಳೆದುಕೊಂಡು, ಅವನು ಬರುವಷ್ಟು ಹೊತ್ತು ಕಾದು, ಗೆಳೆಯನ ಕಾಲಿಗಲ್ಲ, ಗೆಳೆಯ ಓಡಿ ತಲುಪಲಿರುವ ಖಾಲಿ ಜಾಗಕ್ಕೆ ಚೆಂಡನ್ನು ಬಿಡುತ್ತಾನಲ್ಲ, ಅದಕ್ಕೆ ಯಾವ ಮಾತು? ಹುಡುಗನಿಗೆ ಅದು ಹೊಳೆದಿತ್ತು: ಒದಗು, ಒದಗಿಸು. ಕಷ್ಟಕ್ಕೆ ಒದಗಿದ, ಹೊತ್ತಿಗೆ ಒದಗಿದ ಎನ್ನುತ್ತೇವೆ. ಬೇಕಾದದ್ದನ್ನು, ಬೇಕಾದವನಿಗೆ, ಬೇಕಾದ ಹೊತ್ತಿಗೆ. ಇದಕ್ಕಿಂತ ಒಳ್ಳೆಯ ಪದವನ್ನು ನಾನು ಮೂರು ವರ್ಷ ಹುಡುಕಿದ್ದರೂ ತರುತ್ತಿರಲಿಲ್ಲ. ಸಿಕ್ಕಿದ್ದ ಪದವನ್ನು ಕಾಗುಣಿತದ ತಪ್ಪೆಂದು ಹೊಡೆದುಹಾಕಿದವನು ನಾನು.

ಎರಡನೆಯ ಆಕ್ಷೇಪ ಇನ್ನೂ ಆಳವಾದದ್ದು. ತಂಡ ಬದಲಿಸುವವನ ಮೇಲೆ ನಮಗೊಂದು ಅನುಮಾನ. ಹಳಗನ್ನಡ ಪಾಠ ಹೇಳುವವರಿಗೆ 'ಜೋಳವಾಳಿ' ಎಂಬ ಮಾತು ಹೊಸದಲ್ಲ. ಅನ್ನವಿಟ್ಟ ಒಡೆಯನಿಗಾಗಿ ಪ್ರಾಣ ಕೊಡುವ ಋಣ ಅದು. ಪಂಪನ ಕರ್ಣನು ಪಾಂಡವರ ಕಡೆ ಬಾರದೆ ನಿಂತದ್ದು ಆ ಋಣದ ಬಲದಿಂದಲೇ; ಪ್ರತಿ ವರ್ಷವೂ ಅದನ್ನು ಪಾಠ ಮಾಡುವಾಗ ನನ್ನ ಗಂಟಲು ಕಟ್ಟುತ್ತದೆ. ಆದರೆ ಆ ಅಳತೆಗೋಲನ್ನು ತಂದು ಫಗ್ವಾಡದ ಗಿರಣಿಗೂ ಕೊಚ್ಚಿಯ ಕ್ಲಬ್ಬಿಗೂ ಹಿಡಿಯಬಹುದೆ? ಎಫ್.ಸಿ. ಕೊಚ್ಚಿನ್ 1997ರಲ್ಲಿ ಬಹಳ ಆಡಂಬರದಿಂದ ಹುಟ್ಟಿ, ಹಣದ ಮುಗ್ಗಟ್ಟಿಗೆ ಸಿಕ್ಕಿ, ಐದಾರು ವರ್ಷದೊಳಗೆ ಇಲ್ಲವಾಯಿತು. ಮೊದಲ ಲೀಗ್ ಗೆದ್ದ ಜೆ.ಸಿ.ಟಿ. 2011ರಲ್ಲಿ ತನ್ನ ತಂಡವನ್ನೇ ಮುಚ್ಚಿತು. ಆಟಗಾರನು ಒಡೆಯನನ್ನು ಬಿಟ್ಟನೆಂದು ದೂರುವವರು, ಒಡೆಯರೇ ಜೋಳದ ಕಣಜಕ್ಕೆ ಬೀಗ ಹಾಕಿ ಹೋದ ಈ ಕಥೆಗೆ ಏನೆನ್ನುತ್ತಾರೆ? ಕರ್ಣನ ಕಥೆಯಲ್ಲಿ ದುರ್ಯೋಧನ ದಿವಾಳಿಯಾಗುವ ಪ್ರಸಂಗವಿಲ್ಲ.

ನಮ್ಮ ಸೀಮೆಯಲ್ಲಿ ಇದಕ್ಕೆ ಬೇರೊಂದು ಅಳತೆ ಇದೆ. ಚಾರ್ಮಾಡಿ ಘಾಟಿ ಇಳಿದರೆ ಯಕ್ಷಗಾನದ ನಾಡು. ಮಳೆಗಾಲ ಕಳೆದ ಮೇಲೆ ಹೊರಡುವ ಮೇಳಗಳು ಪತ್ತನಾಜೆಯವರೆಗೆ ಸಂಚರಿಸುತ್ತವೆ. ಘಟ್ಟದ ಮೇಲಿನ ನಮ್ಮ ಊರುಗಳಿಗೂ ಬರುತ್ತವೆ. ಆ ಕಾಲಾವಧಿಗೆ ಅವರಿಟ್ಟ ಹೆಸರು 'ತಿರುಗಾಟ'. ವೇಷಧಾರಿಯನ್ನು ಕಂಡವರು ಕೇಳುವುದು, "ಈ ಸಲ ಯಾವ ಮೇಳ?" ಎಂದು. ಆ ಪ್ರಶ್ನೆಯಲ್ಲಿ ಆಪಾದನೆಯ ಸುಳಿವಿಲ್ಲ. ಇಷ್ಟು ತಿರುಗಾಟ ಮಾಡಿದವರು ಎಂದು ಹೇಳುವುದೇ ಗೌರವ. ಪ್ರದರ್ಶನಕ್ಕೂ ಅವರು 'ಆಟ' ಎಂದೇ ಅನ್ನುತ್ತಾರೆಂಬುದನ್ನು ಗಮನಿಸಬೇಕು. ಚಾಪ್‌ಮನ್ನರ ಪಟ್ಟಿಯನ್ನು ಈ ಕಣ್ಣಿನಿಂದ ಓದಿದರೆ ಅಲೆದಾಟ ತಿರುಗಾಟವಾಗುತ್ತದೆ. ತಾಳಮದ್ದಳೆಯನ್ನು ಕೇಳಿದವರಿಗೆ ಇನ್ನೊಂದು ಮಾತೂ ಗೊತ್ತು: ಎದುರು ಅರ್ಥಧಾರಿ ತಕ್ಕ ಪ್ರಶ್ನೆ ಹಾಕದಿದ್ದರೆ ಎಂಥ ಕೃಷ್ಣನೂ ಸಪ್ಪೆ. ಸಭೆ ಕೃಷ್ಣನ ಉತ್ತರಕ್ಕೆ ಚಪ್ಪಾಳೆ ತಟ್ಟುತ್ತದೆ. ಬಲ್ಲ ನಾಲ್ಕು ಜನ ಪ್ರಶ್ನೆಗೆ ತಲೆದೂಗುತ್ತಾರೆ. ಆ ನಾಲ್ಕು ಜನರ ವಿಮರ್ಶೆ ಫುಟ್‌ಬಾಲಿಗೂ ಬೇಕಾಗಿತ್ತು.

ಕಲ್ಕತ್ತೆಯವರು ತಮ್ಮ ಆಟಗಾರರಿಗೆ ಪುರಾಣದ ಹೆಸರಿಡುವುದರಲ್ಲಿ ಹಿಂದೆ ಬೀಳಲಿಲ್ಲ. 1949ರಿಂದ ಕೆಲವು ವರ್ಷ ಈಸ್ಟ್ ಬೆಂಗಾಲಿಗೆ ಆಡಿದ ಐವರನ್ನು 'ಪಂಚಪಾಂಡವರು' ಎಂದು ಕರೆದರು. ಅವರಲ್ಲೊಬ್ಬ ನಮ್ಮ ಬೆಂಗಳೂರಿನ ಅಹಮದ್ ಖಾನ್. ಆ ಐವರೂ ಫಾರ್ವರ್ಡುಗಳು! ಅಂದಿನ ಪದ್ಧತಿಯಲ್ಲಿ ಮುಂದೆ ಐದು ಜನ, ನಡುವೆ ಮೂವರು ಹಾಫ್‌ಬ್ಯಾಕುಗಳು, ಹಿಂದೆ ಇಬ್ಬರು. ಪಾಂಡವರ ಲೆಕ್ಕ ಮುಂದಿನ ಸಾಲಿಗೇ ಮುಗಿದುಹೋಯಿತು. ನಡುವಿನ ಮೂವರಿಗೆ ಮಹಾಭಾರತದಲ್ಲಿ ಹೆಸರು ಸಿಗಲಿಲ್ಲ.

ಇಲ್ಲಿ ಒಬ್ಬರು ಎದ್ದು ಆಕ್ಷೇಪಿಸಬಹುದು. ಚಾಪ್‌ಮನ್ ಅಜ್ಞಾತನೇನಲ್ಲ, ಭಾರತ ತಂಡದ ನಾಯಕನಾಗಿದ್ದವನು, 1997ರಲ್ಲಿ ಕಠ್ಮಂಡುವಿನಲ್ಲಿ ದಕ್ಷಿಣ ಏಷ್ಯಾ ಕಪ್ ಗೆದ್ದ ತಂಡವನ್ನು ನಡೆಸಿದವನು, ಅಂಥವನಿಗೆ ಅನ್ಯಾಯವಾಯಿತೆಂದು ಅಳುವುದೇಕೆ, ಎಂದು. ಒಪ್ಪಿದೆ. ಆದರೆ ಇಂಥ ದೊಡ್ಡವನದೇ ಈ ಗತಿಯಾದರೆ, ಬೆಂಗಳೂರಿನ ಗೌತಮಪುರದ, ಆಸ್ಟಿನ್ ಟೌನಿನ ಮೈದಾನಗಳಿಂದ ಎದ್ದು ಯಾವುದೋ ಕಾರ್ಖಾನೆಯ, ಯಾವುದೋ ಬ್ಯಾಂಕಿನ ತಂಡಕ್ಕೆ ಹತ್ತು ವರ್ಷ ಆಡಿ ಮನೆಗೆ ಮರಳಿದವರ ಗತಿಯೇನು? ಮೈಸೂರು ರಾಜ್ಯವು ಸಂತೋಷ್ ಟ್ರೋಫಿಯನ್ನು ನಾಲ್ಕು ಬಾರಿ ಗೆದ್ದಿತ್ತು, ಕೊನೆಯದು 1968-69ರಲ್ಲಿ. ಮತ್ತೆ ಅದು ಕರ್ನಾಟಕಕ್ಕೆ ಬಂದದ್ದು 2023ರ ಮಾರ್ಚಿನಲ್ಲಿ, ರಿಯಾದಿನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿದಾಗ. ನಡುವೆ 54 ವರ್ಷ. ಆ ಐದೂ ತಂಡಗಳ ಹನ್ನೊಂದು ಹನ್ನೊಂದು ಹೆಸರುಗಳನ್ನು ಹೇಳಬಲ್ಲ ಕನ್ನಡ ಅಧ್ಯಾಪಕರು ಎಷ್ಟು ಜನ? ನಾನಂತೂ ಅಲ್ಲ.

ಕಾರಣ ಕೇವಲ ಆಟದ ಮೇಲಿನ ಉದಾಸೀನವಲ್ಲವೆಂದು ನನ್ನ ಗುಮಾನಿ. ಬೆಂಗಳೂರಿನ ಫುಟ್‌ಬಾಲ್ ಬಹುಮಟ್ಟಿಗೆ ದಂಡಿನ ಕಡೆಯದು. ಅಲ್ಲಿ ತಮಿಳು, ಉರ್ದು, ಇಂಗ್ಲಿಷ್ ಕೇಳುತ್ತಿತ್ತು. ಕನ್ನಡ ಸಾಹಿತ್ಯ ಪೇಟೆಯ ಕಡೆಯಿಂದ ಆ ಗೆರೆಯನ್ನು ದಾಟಲು ಮನಸ್ಸು ಮಾಡಲಿಲ್ಲ. ಚಾಪ್‌ಮನ್ ಎಂಬ ಹೆಸರು ಕೇಳಿದ ಕೂಡಲೆ 'ಇವರು ನಮ್ಮವರೇ?' ಎಂಬ ಪ್ರಶ್ನೆ ನಮ್ಮೊಳಗೆ ಏಳುತ್ತದೆ. ಸಂತೋಷ್ ಟ್ರೋಫಿಯಲ್ಲಿ ಅವರು ಬಂಗಾಳಕ್ಕೂ ಪಂಜಾಬಿಗೂ ಆಡಿದರೆಂಬುದು ಆ ಪ್ರಶ್ನೆಗೆ ಇನ್ನಷ್ಟು ಪುಷ್ಟಿ. ಡಿ.ವಿ.ಜಿ.ಯವರು 'ಜ್ಞಾಪಕ ಚಿತ್ರಶಾಲೆ'ಯಲ್ಲಿ ದಿವಾನರ ಜೊತೆಗೆ ವೈದಿಕರಿಗೂ ಸಂಗೀತಗಾರರಿಗೂ ಜಾಗ ಮಾಡಿಕೊಟ್ಟರು. ನಮ್ಮ ಮೂಡಿಗೆರೆಯಲ್ಲೇ ಬಾಳಿದ ತೇಜಸ್ವಿಯವರು ಗಾಳದ ಮೀನನ್ನೂ ಕಾಡಿನ ಹಕ್ಕಿಯನ್ನೂ ಕನ್ನಡ ಗದ್ಯದೊಳಕ್ಕೆ ಕರೆತಂದರು. ಹೀಗೆ ಬಾಗಿಲು ತೆರೆದದ್ದುಂಟು. ಆಟದ ಮೈದಾನಕ್ಕೆ ಮಾತ್ರ ಅದು ಇನ್ನೂ ಅರೆಬಾಗಿಲು. ಕ್ರಿಕೆಟ್ಟಿಗಾದರೂ ಸ್ವಲ್ಪ ತೆರೆದೀತು.

ನನ್ನ ತರಗತಿಯ ಹುಡುಗನ ಮನೆಮಾತೂ ಕನ್ನಡವಲ್ಲ. ಅವನ ಅಜ್ಜ ತೋಟದ ಕೆಲಸಕ್ಕೆಂದು ಬೇರೆ ಸೀಮೆಯಿಂದ ಬಂದವರು. ಆಷಾಢದ ಮಳೆಯಲ್ಲಿ, ಕೆಸರಿನಲ್ಲಿ, ಬರಿಗಾಲಿನಲ್ಲಿ ಈ ಹುಡುಗರು ಆಡುವುದನ್ನು ನಾನು ಕೊಡೆ ಹಿಡಿದು ನಿಂತು ನೋಡಿದ್ದೇನೆ. ಅಷ್ಟು ಕೆಸರಿನಲ್ಲಿ ಚೆಂಡು ಉರುಳುವುದಿಲ್ಲ. ಬಲವಾಗಿ ಒದ್ದರೆ ಎರಡು ಮಾರು ಹೋಗಿ ಹೂತುಕೊಳ್ಳುತ್ತದೆ. ಯಾರೋ ಅದನ್ನು ಮೆಲ್ಲಗೆ ಎಬ್ಬಿಸಿ, ಗಾಳಿಯಲ್ಲಿ ತೇಲಿಸಿ, ಇನ್ನೊಬ್ಬನ ಎದೆಗೆ ಕೊಡಬೇಕು. ಇವನು ಆಡುತ್ತಿದ್ದದ್ದು ಆ ಜಾಗದಲ್ಲಿ. ತಾನು ಮಾಡುವ ಕೆಲಸಕ್ಕೆ ತಾನು ಕಲಿತ ಭಾಷೆಯಲ್ಲಿ ಹೆಸರು ಹುಡುಕಿಕೊಂಡು ನನ್ನ ಮುಂದಿಟ್ಟಿದ್ದ.

ಕಳೆದ ವರ್ಷ ಅವನು ಬಸ್ ನಿಲ್ದಾಣದಲ್ಲಿ ಸಿಕ್ಕಿದ. ಹಾಸನದ ಕಡೆ ಎಲ್ಲೋ ಕೆಲಸದಲ್ಲಿದ್ದಾನಂತೆ, ಭಾನುವಾರ ಆಡುತ್ತಾನಂತೆ. "ಆ ಪ್ರಬಂಧ ಇಟ್ಟಿದ್ದೀಯೇನಪ್ಪ?" ಎಂದು ಕೇಳಿದೆ. "ಇಲ್ಲ ಸಾರ್, ಮಳೆಗೆ ನೆನೆದುಹೋಯ್ತು" ಎಂದ. ಮತ್ತೆ ಬರೆದುಕೊಡು ಎಂದೆ, ಕೆಂಪು ಮಸಿ ಮುಟ್ಟುವುದಿಲ್ಲ ಎಂದೂ ಸೇರಿಸಿದೆ. ನೋಡ್ತೀನಿ ಸಾರ್ ಎಂದು ಬಸ್ ಹತ್ತಿದ.