ನೆಲಕ್ಕೆ ಕುಳಿತ ಕ್ಯಾಮೆರಾ

ನಮ್ಮ ಚೀಕಲಪರ್ವಿ ವಿಜಯದಾಸರ ಊರು. ದಾಸರ ಪದ, ಮೊಹರಮಿನ ರಿವಾಯತ್ ಪದ ಎರಡನ್ನೂ ಕೇಳುತ್ತ ಬೆಳೆದವರು ನಾವು. ನಮಗೆ ಕಥೆಯೆಂದರೆ ಕಿವಿಗೆ ಸೇರಿದ್ದು. ಅದಕ್ಕೇ ಇರಬೇಕು, ಮೂಕಿ ಚಿತ್ರವೆಂದರೆ ಮಾತು ಕಲಿಯದ ಕೂಸು ಎಂದೇ ಬಹುಕಾಲ ತಿಳಿದಿದ್ದೆವು. ಜಪಾನಿನ ಯಸುಜಿರೊ ಓಝು 1932ರಲ್ಲಿ ನಿರ್ದೇಶಿಸಿದ 'ಉಮರೆತೆ ವ ಮಿತ ಕೆರೆದೊ' ನೋಡಿದ ಮೇಲೆ ಆ ತಿಳಿವಳಿಕೆ ತಪ್ಪೆಂದು ಒಪ್ಪಿಕೊಳ್ಳಬೇಕಾಯಿತು. 'ಹುಟ್ಟಿದ್ದೇನೋ ಆಯಿತು, ಆದರೆ...' ಎಂಬುದು ಆ ಹೆಸರಿನ ಅರ್ಥ.

ಜಪಾನಿನ ಚಿತ್ರಮಂದಿರಗಳಲ್ಲಿ ತೆರೆಯ ಪಕ್ಕದಲ್ಲಿ 'ಬೆನ್ಶಿ' ಎಂಬ ಕಥನಕಾರ ನಿಂತು ಪಾತ್ರಗಳ ಮಾತನ್ನೆಲ್ಲ ಹೇಳುತ್ತಿದ್ದ. ಅಲ್ಲಿ ಮೂಕಿ ಚಿತ್ರಗಳು ಬಹುದಿನ ಬಾಳಲು ಅವನ ಜನಪ್ರಿಯತೆಯೂ ಒಂದು ಕಾರಣ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' 1934ರಲ್ಲಿ ತೆರೆಕಂಡಾಗಲೂ ಓಝು ಮೂಕಿಯನ್ನೇ ಮಾಡುತ್ತಿದ್ದರು. ಆದರೆ ಈ ಚಿತ್ರಕ್ಕೆ ಬೆನ್ಶಿಯ ಹಂಗು ಬೇಕಿಲ್ಲ.

ಕಥೆ ಸರಳ. ಯೋಶಿಯಿ ಎಂಬ ಗುಮಾಸ್ತ ಸಂಸಾರ ಸಮೇತ ಟೋಕಿಯೊದ ಹೊರವಲಯಕ್ಕೆ, ಧಣಿಯ ಮನೆಯ ಹತ್ತಿರವೇ ಬಂದು ನೆಲೆಸುತ್ತಾನೆ. ಇಬ್ಬರು ಗಂಡುಮಕ್ಕಳಿಗೆ ಲೋಕದಲ್ಲಿ ಅಪ್ಪನೇ ದೊಡ್ಡವನು.

ಛಾಯಾಗ್ರಾಹಕ ಹಿದೆಒ ಶಿಗೆಹಾರಾ ಕ್ಯಾಮೆರಾವನ್ನು ತಗ್ಗಿನಲ್ಲಿ ಇಡುತ್ತಾರೆ. ಅದು ಚಾಪೆಯ ಮೇಲೆ ಕುಳಿತವರ ಕಣ್ಣಿನ ಎತ್ತರ. ಟೂರಿಂಗ್ ಟಾಕೀಸಿನಲ್ಲಿ ನೆಲದ ಟಿಕೀಟು ತೆಗೆದವರಿಗೆ, ದಸ್ತರಖಾನ ಹಾಸಿ ಉಣ್ಣುವವರಿಗೆ ಇದನ್ನು ಬಿಡಿಸಿ ಹೇಳಬೇಕೆ? ಅಲ್ಲಿಂದ ನೋಡಿದರೆ ಅಪ್ಪ ಎತ್ತರವಾಗಿ ಕಾಣುತ್ತಾನೆ. ಅವನ ಬಾಗಿದ ಬೆನ್ನೂ ಕಾಣುತ್ತದೆ.

ಸಂಕಲನವೂ ಹಾಗೆಯೇ. ಶಾಲೆಯ ಮಕ್ಕಳ ಸಾಲಿನುದ್ದಕ್ಕೂ ಕ್ಯಾಮೆರಾ ಅಡ್ಡಲಾಗಿ ಸಾಗುತ್ತದೆ. ಮರುಕ್ಷಣ ಅದೇ ಚಲನೆ ಕಚೇರಿಯ ಮೇಜುಗಳ ಮುಂದೆ, ಗುಮಾಸ್ತರು ಆಕಳಿಸುತ್ತಿದ್ದಾರೆ. ಶಾಲೆ ಯಾವುದಕ್ಕೆ ತಯಾರಿ ಎಂಬುದನ್ನು ಒಂದು ಜೋಡಣೆ ಹೇಳಿಬಿಟ್ಟಿತು.

ಒಂದು ಸಂಜೆ ಧಣಿಯ ಮನೆಯಲ್ಲಿ ಖಾಸಗಿಯಾಗಿ ತೆಗೆದ ಚಿತ್ರಗಳ ಪ್ರದರ್ಶನ. ತೆರೆಯ ಮೇಲೆ ಅಪ್ಪ ಧಣಿಯನ್ನು ನಗಿಸಲು ಮುಖ ಸೊಟ್ಟ ಮಾಡುತ್ತಿದ್ದಾನೆ. ಓಝು ತೆರೆಯನ್ನೂ ನೋಡುವವರನ್ನೂ ಒಂದಾದ ಮೇಲೊಂದರಂತೆ ಜೋಡಿಸುತ್ತಾರೆ. ದೊಡ್ಡವರು ನಗುತ್ತಾರೆ, ಮಕ್ಕಳ ನಗು ಮಾಯವಾಗುತ್ತದೆ. ಮನೆಗೆ ಬಂದ ಮಕ್ಕಳು ಅಪ್ಪನೊಡನೆ ಜಗಳವಾಡಿ ಊಟ ಬಿಡುತ್ತಾರೆ.

ನಮ್ಮ ಅಬ್ಬಾ ಸಾಹುಕಾರರೊಬ್ಬರ ಮುಂದೆ ರುಮಾಲು ಕೈಯಲ್ಲಿ ಹಿಡಿದು ನಿಂತದ್ದನ್ನು ಬಾಲ್ಯದಲ್ಲಿ ಕಂಡಿದ್ದೆವು. ಆ ರಾತ್ರಿ ನಾವೂ ರೊಟ್ಟಿ ಮುಟ್ಟಲಿಲ್ಲ. ಇಷ್ಟು ಕಥೆ ಬರೆದರೂ ಅದನ್ನು ಬರೆಯಲಾಗಿಲ್ಲ. ಬರೆಯಲು ಕುಳಿತಾಗಲೆಲ್ಲ ಮಾತು ಹೆಚ್ಚಾಗಿ ಅಬ್ಬಾ ಚಿಕ್ಕವರಾಗಿಬಿಡುತ್ತಿದ್ದರು. ಓಝು ಯಾರನ್ನೂ ಚಿಕ್ಕವರನ್ನಾಗಿ ಮಾಡುವುದಿಲ್ಲ. ಮರುದಿನ ಅಪ್ಪ ಮಕ್ಕಳ ಪಕ್ಕದಲ್ಲಿ ಕುಳಿತು ಅನ್ನದ ಉಂಡೆ ತಿನ್ನುತ್ತಾನೆ. ಹಿಂದಿನಿಂದ ನೋಡುವ ನಮಗೆ ಮೂರೂ ಬೆನ್ನು ಒಂದೇ.

ಕೊನೆಗೆ ದಾರಿಯಲ್ಲಿ ಧಣಿ ಕಂಡಾಗ, ಹೋಗಿ ನಮಸ್ಕರಿಸು ಎಂದು ಮಕ್ಕಳೇ ಅಪ್ಪನಿಗೆ ಹೇಳುತ್ತಾರೆ. ಇದು ಶರಣಾಗತಿ ಎಂದು ಕೆಲವರು ಸಿಟ್ಟಾಗಬಹುದು. ನಮಗೂ ಮೊದಲು ಹಾಗೇ ಅನಿಸಿತು. ಆದರೆ ಬಾಗುವ ಅಪ್ಪನನ್ನು ಕ್ಷಮಿಸುವುದು ಬೇರೆ, ಬಾಗಿಸುವ ವ್ಯವಸ್ಥೆಯನ್ನು ಒಪ್ಪುವುದು ಬೇರೆ. ಚಿತ್ರ ಮೊದಲನೆಯದನ್ನು ಮಾತ್ರ ಮಾಡುತ್ತದೆ. ಎರಡನೆಯದರ ಲೆಕ್ಕ ನೋಡುವವರ ಪಾಲಿಗೆ ಉಳಿಯುತ್ತದೆ.