ವಹಾಕಾ ಸಂತೆಯಲ್ಲಿ ಗೈಡಿನ ಹಿಂದೆ

ದಕ್ಷಿಣ ಮೆಕ್ಸಿಕೋದ ವಹಾಕಾ ನಗರದಲ್ಲಿ ‘ನವೆಂಬರ್ 20’ ಎಂಬ ಮಾರುಕಟ್ಟೆಯಿದೆ. 1910ರ ಕ್ರಾಂತಿ ಶುರುವಾದ ದಿನದ ನೆನಪಿಗೆ ಇಟ್ಟ ಹೆಸರು ಅದು. ಅದರೊಳಗೊಂದು ಹೊಗೆ ತುಂಬಿದ ಓಣಿ. ಎರಡೂ ಬದಿಗೆ ಇದ್ದಿಲ ಒಲೆಗಳು, ತೆಳ್ಳಗೆ ಕೊಯ್ದು ಉಪ್ಪು ಹಾಕಿದ ದನದ ಮಾಂಸ, ಮೆಣಸಿನ ಖಾರ ಸವರಿದ ಹಂದಿ ಮಾಂಸ. ಇಲ್ಲಿ ಊಟ ತಟ್ಟೆಯಲ್ಲಿ ತಯಾರಾಗಿ ಬರುವುದಿಲ್ಲ. ಉಣ್ಣುವವರೇ ಅದನ್ನು ಬಿಡಿಬಿಡಿಯಾಗಿ ಕೊಂಡು ಕೂಡಿಸಿಕೊಳ್ಳಬೇಕು. ಒಬ್ಬಾಕೆಯ ಹತ್ತಿರ ಈರುಳ್ಳಿ, ಹಸಿಮೆಣಸಿನಕಾಯಿ ಕೊಂಡು ಮಾಂಸದಂಗಡಿಗೆ ಕೊಟ್ಟರೆ ಅದೇ ಕೆಂಡದ ಮೇಲೆ ಸುಟ್ಟು ಕೊಡುತ್ತಾರೆ. ತೊರ್ತಿಯಾ ರೊಟ್ಟಿ ಮತ್ತೊಬ್ಬಳ ಬುಟ್ಟಿಯಿಂದ, ಚಟ್ನಿ, ನಿಂಬೆಹಣ್ಣು ಮಗದೊಬ್ಬಳ ಕಡೆಯಿಂದ. ಒಂದು ಊಟಕ್ಕೆ ನಾಲ್ಕೈದು ವ್ಯಾಪಾರ, ನಾಲ್ಕೈದು ಮಾತುಕತೆ.

ಗೈಡಿನ ಜೊತೆ ನಡೆಯುವ ‘ಮಾರುಕಟ್ಟೆ ದರ್ಶನ’ಗಳಲ್ಲಿ ಹೆಚ್ಚಿನವು ಈ ಓಣಿಗೆ ಬಂದೇ ಬರುತ್ತವೆ. ಬಂದವರನ್ನು ಬೆಂಚಿನ ಮೇಲೆ ಕೂರಿಸಿ, ಗೈಡ್ ತಾನೇ ಓಡಾಡಿ ಎಲ್ಲವನ್ನೂ ತರಿಸುತ್ತಾನೆ. ಹತ್ತು ನಿಮಿಷದಲ್ಲಿ ಊಟ ಎದುರಿಗಿರುತ್ತದೆ, ರುಚಿಯೂ ಅದ್ಭುತವಾಗಿರುತ್ತದೆ. ಆದರೆ ಆ ಓಣಿಯಲ್ಲಿ ಕಲಿಯಬೇಕಾಗಿದ್ದದ್ದು ಕೊಳ್ಳುವ ಕ್ರಮ, ಅದೇ ಅವರ ಕೈತಪ್ಪಿತು. ಮರುದಿನ ಆ ಪ್ರವಾಸಿ ಒಬ್ಬನೇ ಬಂದರೆ ಮತ್ತೆ ದಿಕ್ಕು ತೋಚದೆ ನಿಲ್ಲುತ್ತಾನೆ. ಇಂಥ ದರ್ಶನಗಳನ್ನು ಅಳೆಯಲು ನನಗಿರುವ ಮುಖ್ಯ ಅಳತೆಗೋಲು ಇದು: ಬಂದವನನ್ನು ಅದು ಗಿರಾಕಿಯಾಗಿಸುತ್ತದೆಯೋ, ಅತಿಥಿಯಾಗಿಯೇ ಉಳಿಸುತ್ತದೆಯೋ? ಗಿರಾಕಿಗೆ ಸಂತೆಯಲ್ಲಿ ಒಂದು ಸ್ಥಾನವಿದೆ. ಅವನು ಕೇಳಬಹುದು, ಬೇಡವೆನ್ನಬಹುದು, ಕೊಸರು ಪಡೆಯಬಹುದು, ಮುಂದಿನ ವಾರ ಗುರುತು ಹಿಡಿಸಿಕೊಳ್ಳಬಹುದು. ಅತಿಥಿಗೆ ಅದಾವುದೂ ಇಲ್ಲ.

ಅಲ್ಲಿಂದ ಕೆಲವೇ ಹೆಜ್ಜೆಯ ಮಿನಾ ಬೀದಿಯ ಚಾಕೊಲೇಟ್ ಗಿರಣಿಗಳಲ್ಲಿ ಇದೇ ಮಾತು ಇನ್ನೂ ಸ್ಪಷ್ಟವಾಗುತ್ತದೆ. ಹುರಿದ ಕೋಕೋ ಬೀಜ, ಸಕ್ಕರೆ, ಬಾದಾಮಿ, ದಾಲ್ಚಿನ್ನಿ ಎಷ್ಟೆಷ್ಟು ಬೇಕೆಂದು ಗಿರಾಕಿಯೇ ಹೇಳಿ, ಕಣ್ಣೆದುರೇ ಬೀಸಿಸಿಕೊಂಡು ಒಯ್ಯುವ ಪದ್ಧತಿ ಇಲ್ಲಿದೆ. ಮನೆಮನೆಯ ಹದ ಬೇರೆ. ಇಲ್ಲಿ ಒಂದೊಂದು ತುಣುಕು ಬಾಯಿಗಿಟ್ಟು ಮುಂದೆ ಸಾಗಿಸುವ ಗೈಡ್ ಇದ್ದಾನೆ. ಅರ್ಧ ಕಿಲೋವನ್ನು ಗುಂಪಿನವರ ಕೈಯಿಂದಲೇ ಅಳೆಸಿ ಬೀಸಿಸುವ ಗೈಡ್ ಕೂಡ ಇದ್ದಾಳೆ. ಎರಡನೆಯವಳ ಹಿಂದೆ ಹೋಗುವುದು ಲೇಸು.

ನನ್ನ ಇನ್ನೊಂದು ತಕರಾರು ದೊಡ್ಡದು. ಬೆಳಿಗ್ಗೆ ‘ಆಹಾರ’, ಮಧ್ಯಾಹ್ನ ‘ಕರಕುಶಲ’ ಎಂದು ದಿನವನ್ನು ಎರಡು ಹೋಳು ಮಾಡುವ ರೂಢಿ ಅದು. ಸಂತೆಯಲ್ಲಿ ಅಂಥ ಗೆರೆಯೇ ಇಲ್ಲ. ತೆಹಾತೆ ಎಂಬ ಪಾನೀಯವನ್ನೇ ನೋಡಿ. ಮೆಕ್ಕೆಜೋಳ, ಕೋಕೋ, ಮಮೇ ಹಣ್ಣಿನ ಬೀಜ, ‘ಕೋಕೋ ಹೂ’ ಎಂದು ಕರೆಯುವ ಬೇರೊಂದು ಮರದ ಪರಿಮಳದ ಹೂ, ಇವನ್ನು ಹುರಿದು, ಅರೆದು, ದೊಡ್ಡ ಮಣ್ಣಿನ ಪಾತ್ರೆಯಲ್ಲಿ ತಣ್ಣೀರಿನೊಂದಿಗೆ ಕೈಯಿಂದಲೇ ಕಲಸಿ ಕಲಸಿ ಮೇಲೆ ಬಿಳಿನೊರೆ ಏಳಿಸುತ್ತಾರೆ. ಸಾನ್ ಆಂದ್ರೆಸ್ ಹುವಾಯಾಪಾಮ್ ಊರಿನ ಹೆಂಗಸರು ಇದಕ್ಕೆ ಹೆಸರಾದವರು. ಕುಡಿಯಲು ಕೊಡುವುದು ಹಿಕರಾದಲ್ಲಿ, ಅಂದರೆ ಗಟ್ಟಿ ಕಾಯಿಯೊಂದನ್ನು ಹೋಳು ಮಾಡಿ, ತಿರುಳು ತೆಗೆದು, ಒಣಗಿಸಿ, ಎಷ್ಟೋ ಬಾರಿ ಬಣ್ಣದ ಹೂಬಳ್ಳಿ ಬರೆದ ಬಟ್ಟಲಲ್ಲಿ. ಆ ಬಟ್ಟಲು ಕರಕುಶಲವೋ, ಪಾತ್ರೆಯೋ? ಅದರಡಿಯ ಮಣ್ಣಿನ ತೊಟ್ಟಿ, ಮೆಕ್ಕೆಜೋಳ ಅರೆದ ಕಲ್ಲು, ಹೊತ್ತು ತಂದ ಬುಟ್ಟಿ, ಮೇಲೆ ಮುಚ್ಚಿದ ಕಸೂತಿ ಬಟ್ಟೆ ಯಾವ ಹೋಳಿಗೆ ಸೇರಬೇಕು? ಈ ಸಂಬಂಧವನ್ನು ತೋರಿಸಬಲ್ಲ ಗೈಡ್ ಒಂದೇ ಅಂಗಡಿಯ ಮುಂದೆ ಅರ್ಧ ಗಂಟೆ ನಿಲ್ಲಬಲ್ಲ. ತೋರಿಸಲಾರದವನು ಅದೇ ಅರ್ಧ ಗಂಟೆಯಲ್ಲಿ ಆರು ಅಂಗಡಿ ಮುಗಿಸಿಬಿಡುತ್ತಾನೆ.

ಈ ಹೋಳಾಗುವಿಕೆ ವಸ್ತುವನ್ನೇ ಬದಲಿಸಬಲ್ಲದು. ನಗರಕ್ಕೆ ಹತ್ತಿರದ ಸಾನ್ ಬಾರ್ತೊಲೊ ಕೊಯೊತೆಪೆಕ್ ಊರಿನ ಕಪ್ಪು ಮಣ್ಣಿನ ಪಾತ್ರೆಗಳು ಒಂದು ಕಾಲಕ್ಕೆ ಮಂಕು ಬೂದುಬಣ್ಣದವು. ನೀರು ತುಂಬಲು, ಮೆಸ್ಕಲ್ ಮದ್ಯ ಸಾಗಿಸಲು ಬಳಸುವ ಗಟ್ಟಿ ಕೊಡಗಳು. 1950ರ ದಶಕದಲ್ಲಿ ದೋನ್ಯಾ ರೋಸಾ ಎಂದೇ ಪ್ರಸಿದ್ಧರಾದ ರೋಸಾ ರೆಯಾಲ್ ಅವರು ಅರೆಒಣಗಿದ ಪಾತ್ರೆಯನ್ನು ಸ್ಫಟಿಕದ ಕಲ್ಲಿನಿಂದ ಉಜ್ಜಿ, ಕಡಿಮೆ ಶಾಖದಲ್ಲಿ ಸುಟ್ಟು, ಕನ್ನಡಿಯಂಥ ಕಪ್ಪು ಹೊಳಪು ತಂದರು. ನಿಜವಾದ ಶೋಧವದು, ಇಡೀ ಊರಿಗೆ ಅನ್ನ ಕೊಟ್ಟ ವಿದ್ಯೆ. ಆದರೆ ಹೊಳಪು ಬಂದ ಪಾತ್ರೆ ನೀರು ಹಿಡಿಯುವ ಕೆಲಸಕ್ಕೆ ಸಲ್ಲದಾಯಿತು, ಕಪಾಟಿನ ಅಲಂಕಾರವಾಯಿತು. ನಾನು ಇದನ್ನು ಅವನತಿ ಎನ್ನಲಾರೆ. ಹೊಸ ಗಿರಾಕಿ ಬಂದ, ಕಲೆ ಅವನಿಗೆ ಉತ್ತರ ಕೊಟ್ಟಿತು. ಗೈಡ್ ಮಾತ್ರ ಈ ಕಥೆಯನ್ನು ಪೂರ್ತಿ ಹೇಳಬೇಕು. ‘ಸಾವಿರಾರು ವರ್ಷಗಳಿಂದ ಹೀಗೆಯೇ’ ಎಂದು ಹೊಳೆಯುವ ಹೂದಾನಿ ಎತ್ತಿ ತೋರಿಸಿದರೆ ಸುಳ್ಳಾಗುತ್ತದೆ, ಆ ಹೆಣ್ಣುಮಗಳ ಪ್ರತಿಭೆಗೂ ಅನ್ಯಾಯವಾಗುತ್ತದೆ.

ತೆಯೊತಿತ್ಲಾನ್ ದೆಲ್ ವಾಯೆ ನೇಕಾರರ ಊರು. ಅಲ್ಲಿನ ಮಗ್ಗದ ಮನೆಗಳಲ್ಲಿ ತೋರಿಸುವ ಪ್ರದರ್ಶನ ಮರೆಯಲಾಗದಂಥದು. ಪಾಪಾಸುಕಳ್ಳಿಯ ಮೇಲೆ ಬೆಳೆಯುವ ಕೊಚಿನೀಲ್ ಕೀಟವನ್ನು ಅಂಗೈಯಲ್ಲಿ ಅರೆದರೆ ಕಡುಗೆಂಪು. ನಿಂಬೆರಸ ಹಿಂಡಿದರೆ ಕಿತ್ತಳೆಯತ್ತ ತಿರುಗುತ್ತದೆ, ಕ್ಷಾರ ಸೇರಿಸಿದರೆ ನೇರಳೆ. ಸ್ಪೇನಿನ ಆಳ್ವಿಕೆಯಲ್ಲಿ ಮೆಕ್ಸಿಕೋದಿಂದ ಬೆಳ್ಳಿಯನ್ನು ಬಿಟ್ಟರೆ ಅತಿ ಹೆಚ್ಚು ಬೆಲೆಗೆ ಹೊರಹೋದ ಸರಕು ಇದೇ ಕೆಂಪು. ಕೇಳುವಾಗ ರೋಮಾಂಚನವಾಗುತ್ತದೆ, ಆಗಲೂಬೇಕು. ಆದರೆ ಅಂಗೈಯ ಕೆಂಪು ಗೋಡೆಗೆ ನೇತುಹಾಕಿದ ಕಂಬಳಿಯ ಕೆಂಪಿಗೆ ಸಾಕ್ಷಿಯಲ್ಲ. ಕೊಚಿನೀಲ್ ದುಬಾರಿ. ಮಾರಾಟಕ್ಕಿರುವ ಕಂಬಳಿಗಳಲ್ಲಿ ಎಷ್ಟೋ ರಾಸಾಯನಿಕ ಬಣ್ಣದವು. ಅದರಲ್ಲಿ ಅವಮಾನವೇನಿಲ್ಲ, ಅವುಗಳ ಬೆಲೆಯೂ ಅದಕ್ಕೆ ತಕ್ಕಂತೆ ಕಡಿಮೆಯಿರುತ್ತದೆ, ಇರಬೇಕು. ‘ಈ ಕಂಬಳಿಯ ಬಣ್ಣ ಯಾವುದು’ ಎಂದು ಗೈಡೇ ಮೊದಲು ಕೇಳಬೇಕು. ಕೇಳದಿರಲು ಕಾರಣವೂ ಇದೆ. ಯಾವ ಮನೆಗೆ ಗುಂಪನ್ನು ಕರೆತಂದರೆ ಎಷ್ಟು ಕಮಿಷನ್ ಎಂಬ ಲೆಕ್ಕ ಈ ವ್ಯವಹಾರದಲ್ಲಿ ಹಳೆಯದು. ರಸ್ತೆ ಬದಿಯ ದೊಡ್ಡ ಮನೆಗಳ ಮುಂದೆ ಬಸ್ಸು ನಿಲ್ಲುತ್ತದೆ, ಕಮಿಷನ್ ಕೊಡಲಾಗದ ಒಳಬೀದಿಯ ನೇಕಾರನಿಗೆ ಗಿರಾಕಿಯ ಮುಖವೇ ಕಾಣುವುದಿಲ್ಲ. ಕಮಿಷನ್ ಪಡೆಯುವುದು ತಪ್ಪಲ್ಲ, ಗೈಡೂ ಬದುಕಬೇಕು. ಮುಚ್ಚಿಡುವುದು ತಪ್ಪು.

ಅತ್ಸೋಂಪಾ ಎಂಬ ಊರಿನ ಹಸಿರು ಮೆರುಗಿನ ಪಾತ್ರೆಗಳ ವಿಷಯದಲ್ಲಂತೂ ಮೌನ ಅಪಾಯಕಾರಿ. ಆ ಚೆಲುವಾದ ಹಸಿರಿನ ಸಾಂಪ್ರದಾಯಿಕ ಲೇಪದಲ್ಲಿ ಸೀಸವಿದೆ. ಹುಳಿ ಪದಾರ್ಥ ಇಟ್ಟರೆ ಅದು ಆಹಾರಕ್ಕೆ ಇಳಿಯುತ್ತದೆ. ಸೀಸವಿಲ್ಲದ ಲೇಪಕ್ಕೆ ಬದಲಾದ ಕುಂಬಾರರೂ ಇದ್ದಾರೆ, ಕೇಳಿ ಕೊಳ್ಳಬೇಕು. ನಮ್ಮವರು ಅದರಲ್ಲಿ ಸಾರು ಕಾಯಿಸಿ ಹುಣಸೆಹುಳಿ ಹಿಂಡುವವರು. ಅವರಿಗೆ ಈ ಒಂದು ವಾಕ್ಯ ಹೇಳದ ದರ್ಶನ ಎಷ್ಟು ಸೊಗಸಾಗಿದ್ದರೂ ನಾನು ಅದನ್ನು ಒಪ್ಪುವುದಿಲ್ಲ.

ಸಸ್ಯಾಹಾರಿಗಳ ಪಾಡೂ ಇಂಥದ್ದೇ. ಕರ್ನಾಟಕದಿಂದ ಹೋಗುವವರಲ್ಲಿ ಅವರು ಕಡಿಮೆಯಿಲ್ಲ. ‘ಮಾಂಸ ಬೇಡ’ ಎಂದರೆ ದಪ್ಪ ಮೆಕ್ಕೆಜೋಳದ ರೊಟ್ಟಿಯ ಮೇಲೆ ಹುರುಳಿಕಾಯಿ ಜಾತಿಯ ಕರಿಕಾಳಿನ ಗೊಜ್ಜು, ಚೀಸು ಹಾಕಿದ ಮೆಮೆಲಾ ಕೈಗೆ ಬರುತ್ತದೆ. ಆದರೆ ರೊಟ್ಟಿಗೆ ಮೊದಲು ಸವರಿದ್ದು ಹಂದಿಯ ಕೊಬ್ಬು ಕರಗಿಸಿದಾಗ ತಳದಲ್ಲುಳಿಯುವ ಗಸಿ, ಕಾಳೂ ಅನೇಕ ಕಡೆ ಅದೇ ಕೊಬ್ಬಿನಲ್ಲಿ ಬೇಯುತ್ತದೆ. ಮಾರುವ ಹೆಂಗಸು ಮೋಸ ಮಾಡುತ್ತಿಲ್ಲ, ಅವಳ ಲೆಕ್ಕದಲ್ಲಿ ಅದು ಮಾಂಸವಲ್ಲ. ಎರಡು ಲೆಕ್ಕಗಳ ನಡುವೆ ನಿಂತು ಹೇಳಬೇಕಾದವನು ಗೈಡ್. ಇಷ್ಟಾದರೂ ನಮ್ಮವರಿಗೆ ಆ ಸಂತೆ ಪರಕೀಯವಲ್ಲ. ಮೆಣಸಿನಕಾಯಿ, ಟೊಮೆಟೊ, ಮೆಕ್ಕೆಜೋಳ, ಸಪೋಟ, ಚೆಂಡುಹೂ ಎಲ್ಲವೂ ಆ ನಾಡಿನ ಕಡೆಯಿಂದ ನಮಗೆ ಬಂದವು. ಒಣಮೆಣಸಿನಕಾಯಿಯ ರಾಶಿಗಳ ಮುಂದೆ ಬ್ಯಾಡಗಿ ಕಡೆಯವರಿಗೆ ಪಾಠ ಬೇಕಿಲ್ಲ. ಬಣ್ಣಕ್ಕೊಂದು, ಖಾರಕ್ಕೊಂದು, ಘಮಕ್ಕೊಂದು ಎಂಬುದು ಅವರಿಗೆ ಗೊತ್ತು. ವಹಾಕಾದ ಮಸಾಲೆ ಗೊಜ್ಜಾದ ಕರಿ ಮೋಲೆಗೆ ಬೇಕಾದ ಚಿಲ್‌ವಾಕ್ಲೆ ಮೆಣಸಿನಕಾಯಿ ಇಂದು ಕೆಲವೇ ರೈತರು ಬೆಳೆಯುವ ದುಬಾರಿ ವಸ್ತು. ಎಷ್ಟೋ ಅಡುಗೆಮನೆಗಳು ಬೇರೆ ಮೆಣಸಿನಕಾಯಿಯಲ್ಲಿ ಸುಧಾರಿಸುತ್ತವೆ. ಗುಂಪಿಗೆ ಬಡಿಸಿದ ಮೋಲೆಯಲ್ಲಿ ಯಾವುದಿದೆ ಎಂದು ಹೇಳಬಲ್ಲವನೇ ಆ ಅಡುಗೆಯನ್ನು ಬಲ್ಲವನು.

ಕಾಲದ ಪ್ರಶ್ನೆಯೂ ಇದೆ. ವಹಾಕಾ ಕಣಿವೆಯ ಸಂತೆಗಳು ವಾರದ ಚಕ್ರದಲ್ಲಿ ಸುತ್ತುತ್ತವೆ: ಬುಧವಾರ ಎತ್ಲಾ, ಗುರುವಾರ ಸಾಚಿಲಾ, ಶುಕ್ರವಾರ ಒಕೊತ್ಲಾನ್, ಶನಿವಾರ ನಗರ, ಭಾನುವಾರ ತ್ಲಾಕೊಲುಲಾ. ಮಾನವಶಾಸ್ತ್ರಜ್ಞ ಮಲಿನೋವ್‌ಸ್ಕಿ ತನ್ನ ಬದುಕಿನ ಕೊನೆಯ ಕ್ಷೇತ್ರಕಾರ್ಯವನ್ನು 1940–41ರಲ್ಲಿ ಇಲ್ಲಿಯೇ, ಮೆಕ್ಸಿಕೋದ ಸಂಶೋಧಕ ಹೂಲಿಯೊ ದೆ ಲಾ ಫುಯೆಂತೆಯ ಜೊತೆಗೂಡಿ, ಈ ಸಂತೆಗಳ ಮೇಲೆಯೇ ಮಾಡಿದ. ಒಂದು ಸಂತೆಯನ್ನು ಮಾತ್ರ ನೋಡಿದರೆ ಏನೂ ಅರ್ಥವಾಗದು, ಊರೂರಿನ ಸರಕು ಹೇಗೆ ಹರಿಯುತ್ತದೆ ಎಂದು ನೋಡಬೇಕು ಎಂಬುದನ್ನು ಆ ಅಧ್ಯಯನ ತೋರಿಸಿಕೊಟ್ಟಿತು. ವಾರದ ಯಾವ ದಿನ ಬಂದರೂ ಅದೇ ಅಂಗಡಿಗಳ ಅದೇ ಸುತ್ತು ಹಾಕಿಸುವ ದರ್ಶನ ಈ ಹರಿವನ್ನು ಕಾಣಿಸಲಾರದು. ಪ್ರವಾಸಿಯ ಅನುಕೂಲಕ್ಕೆ ಸಂತೆಯನ್ನು ಬಗ್ಗಿಸುವ ಬದಲು ಸಂತೆಯ ದಿನಕ್ಕೆ ಪ್ರವಾಸಿಯನ್ನು ಕಾಯಿಸಬೇಕು.

ದರ್ಶನಗಳ ಭಾರ ಊರಿನ ಮೇಲೂ ಬೀಳುತ್ತದೆ. ಗುಂಪು ಇಕ್ಕಟ್ಟಿನ ದಾರಿಯಲ್ಲಿ ನಿಂತಾಗ ತಲೆಹೊರೆ ಹೊತ್ತವಳು ಸುತ್ತಿಹೋಗಬೇಕಾಗುತ್ತದೆ. 2020ರಲ್ಲಿ ಬೀದಿ ಅಡುಗೆಯ ಕುರಿತ ನೆಟ್‌ಫ್ಲಿಕ್ಸ್ ಸರಣಿಯಲ್ಲಿ ಇಲ್ಲಿನ ಸಗಟು ಮಾರುಕಟ್ಟೆಯ ಮೆಮೆಲಾ ಅಂಗಡಿಯೊಂದು ಬಂದ ಮೇಲೆ ಅದರ ಮುಂದೆ ಪರವೂರಿನವರ ಸಾಲು ಬೆಳೆಯಿತು. ಅದನ್ನು ನಡೆಸುವಾಕೆಯ ದುಡಿಮೆಗೆ ಸಂದ ಗೌರವವದು, ಸಂತೋಷವೇ. ಆದರೆ ಪಕ್ಕದ ಒಲೆಗಳಲ್ಲೂ ಕೆಂಡವಿದೆ. ಪ್ರವಾಸೋದ್ಯಮದಿಂದ ಬಾಡಿಗೆ ಏರಿತು, ಊರು ಕೈತಪ್ಪುತ್ತಿದೆ ಎಂದು 2024ರ ಜನವರಿಯಲ್ಲಿ ವಹಾಕಾದ ಯುವಕರು ಬೀದಿಗಿಳಿದರು. ಈ ಊರಿಗೆ ಇಂಥ ಎಚ್ಚರ ಹೊಸದಲ್ಲ. ನಗರದ ಮುಖ್ಯ ಚೌಕದಲ್ಲಿ ಮೆಕ್‌ಡೊನಾಲ್ಡ್ಸ್ ಬರಲಿದ್ದಾಗ, 2002ರಲ್ಲಿ, ಚಿತ್ರಕಲಾವಿದ ಫ್ರಾನ್ಸಿಸ್ಕೊ ತೊಲೆದೊ ಜನರಿಗೆ ತಮಾಲೆ ಎಂಬ ಮೆಕ್ಕೆಜೋಳದ ಕಡುಬನ್ನು ಪುಕ್ಕಟೆ ಹಂಚಿ ಪ್ರತಿಭಟಿಸಿದ್ದರು. ಅಂಗಡಿ ಬರಲಿಲ್ಲ. ದರ್ಶನ ನಡೆಸುವವರು ಈ ಇತಿಹಾಸವನ್ನೂ ತಮ್ಮ ಮಾತಿನೊಳಗೆ ತರಬೇಕು. ಊರು ಕೇವಲ ರುಚಿಯಾಗಿ ಉಳಿದಿಲ್ಲ, ತನ್ನ ರುಚಿಗಾಗಿ ಜಗಳವಾಡಿದೆ.

ನನಗೆ ಅಧಿಕಾರವಿದ್ದರೆ ಎಲ್ಲ ದರ್ಶನಗಳ ದಾರಿಗೂ ತ್ಲಾಕೊಲುಲಾದ ಭಾನುವಾರದ ಸಂತೆಯ ಒಂದು ಮೂಲೆಯನ್ನು ಸೇರಿಸುತ್ತಿದ್ದೆ. ಸಾನ್ ಮಾರ್ಕೋಸ್ ತ್ಲಾಪಸೋಲಾದ ಹೆಂಗಸರು ಕೆಂಪು ಮಣ್ಣಿನ ಪಾತ್ರೆ, ಕಾವಲಿಗಳನ್ನು ನೆಲದ ಮೇಲೆ ಹರಡಿ ಕೂರುವ ಜಾಗ. ಕಾವಲಿ ಭಾರ, ವಿಮಾನದಲ್ಲಿ ಒಡೆಯುತ್ತದೆ, ಆದ್ದರಿಂದ ಗುಂಪುಗಳು ಅಲ್ಲಿ ನಿಲ್ಲುವುದು ವಿರಳ. ಆದರೆ ಈ ನಾಡಿನ ಅಡುಗೆಯ ಮೂಲವಿದ್ಯೆಯನ್ನು ಹೇಳಲು ಅದಕ್ಕಿಂತ ಒಳ್ಳೆಯ ಜಾಗವಿಲ್ಲ. ಒಣ ಮೆಕ್ಕೆಜೋಳವನ್ನು ಸುಣ್ಣದ ನೀರಿನಲ್ಲಿ ಬೇಯಿಸಿ, ನೆನೆಸಿ, ತೊಳೆದು ಅರೆಯುತ್ತಾರೆ. ಆಗ ಸಿಪ್ಪೆ ಬಿಡುತ್ತದೆ, ಹಿಟ್ಟು ಕೂಡಿಕೊಳ್ಳುತ್ತದೆ, ಕಾಳಿನಲ್ಲಿ ಬಂಧಿಯಾಗಿದ್ದ ನಿಯಾಸಿನ್ ಎಂಬ ಜೀವಸತ್ವ ಮೈಗೆ ಹತ್ತುತ್ತದೆ. ಯುರೋಪಿಗೆ ಮೆಕ್ಕೆಜೋಳ ಹೋಯಿತು, ಸುಣ್ಣದ ವಿದ್ಯೆ ಹೋಗಲಿಲ್ಲ. 18ನೇ ಶತಮಾನದಿಂದ ಇಟಲಿ, ಸ್ಪೇನಿನ ಬಡ ರೈತರು ಆ ಜೀವಸತ್ವದ ಕೊರತೆಯಿಂದ ಬರುವ ಪೆಲಾಗ್ರ ರೋಗದಿಂದ ನರಳಿ ಸತ್ತರು. ಹೊಸ ಮಣ್ಣಿನ ಕಾವಲಿಯನ್ನು ಪಳಗಿಸುವುದೂ ಅದೇ ಸುಣ್ಣದಿಂದ: ನೀರಿನಲ್ಲಿ ಕಲಸಿ ಮೇಲೆ ಬಳಿದು ಕಾಯಿಸಿದರೆ ರೊಟ್ಟಿ ಅಂಟುವುದಿಲ್ಲ. ಕಾವಲಿ ಮಾರುವ ಹೆಂಗಸಿಗೆ ಇದೆಲ್ಲ ಗೊತ್ತು. ಸಾಪೊತೆಕ್ ಭಾಷೆಯಲ್ಲಿ ಅವಳು ಹೇಳುವುದನ್ನು ಗುಂಪಿಗೆ ತಲುಪಿಸುವಷ್ಟು ಭಾಷೆ, ಕೇಳಿಸಿಕೊಳ್ಳುವಷ್ಟು ತಾಳ್ಮೆ, ಅವಳ ಆ ಹೊತ್ತಿಗೆ ಹಣ ಕೊಡುವಷ್ಟು ನ್ಯಾಯ, ಈ ಮೂರೂ ಇರುವ ಗೈಡಿಗೆ ನಾನು ಎಷ್ಟು ಶುಲ್ಕ ಕೇಳಿದರೂ ಕೊಡುತ್ತೇನೆ.