ಪಹಣಿ ಇರುವ ನೆನಪು, ಪಹಣಿ ಇಲ್ಲದ ನೆನಪು

'ತಿಥಿ' ಕಟ್ಟುಕತೆಯ ಸಿನಿಮಾ. ಆದರೆ ಸಾಕ್ಷ್ಯಚಿತ್ರದ ಕಣ್ಣಿಂದ ಊರನ್ನು ನೋಡಿದ ಸಿನಿಮಾ. ರಾಮ್ ರೆಡ್ಡಿ ನಿರ್ದೇಶಿಸಿ, ಈರೇಗೌಡರ ಜೊತೆ ಸೇರಿ ಬರೆದ ಈ ಚಿತ್ರದಲ್ಲಿ ನಟಿಸಿದವರು ಮಂಡ್ಯ ಜಿಲ್ಲೆಯ ನೊದೆಕೊಪ್ಪಲು ಮತ್ತು ಆಸುಪಾಸಿನ ಹಳ್ಳಿಗಳ ಜನ. ಬಣ್ಣ ಹಚ್ಚಿ ಗೊತ್ತಿದ್ದವರಲ್ಲ. 2015ರಲ್ಲಿ ಲೊಕಾರ್ನೊದಲ್ಲಿ ಬಹುಮಾನ ಬಂತು, 2016ರಲ್ಲಿ ಚಿತ್ರ ನಮ್ಮ ಟಾಕೀಸುಗಳಿಗೆ ಬಂತು. ಪರದೇಶದವರು ಮೆಚ್ಚಿದರು ಅಂತ ನಾವು ಮೆಚ್ಚಬೇಕಾಗಿಲ್ಲ. ಮೆಚ್ಚೋದಕ್ಕೆ ನಮ್ಮವೇ ಕಾರಣಗಳಿವೆ. ಜಗಳ ತೆಗೆಯೋದಕ್ಕೂ ಇವೆ.

ಮೊದಲು ಮೆಚ್ಚುಗೆ. ದಾರಿಹೋಕರನ್ನೆಲ್ಲ ಬೈಯುತ್ತ ಕೂತ ಸೆಂಚುರಿ ಗೌಡನ ಬಾಯಲ್ಲಿ ಮಂಡ್ಯದ ಮಾತು ನಗೆಪಾಟಲಾಗುವುದಿಲ್ಲ. ಅದು ಬದುಕಿದವರ ಮಾತು. ಮಗ ಗಡ್ಡಪ್ಪ ಕುರಿಗಾಹಿಗಳ ಮುಂದೆ ತನ್ನ ಹೆಂಡತಿ ಮತ್ತು ತನ್ನಪ್ಪನ ಹಳೆಯ ಸಂಗತಿ ಬಿಚ್ಚುವಾಗ ಸಿನಿಮಾ ಆ ಕಾಲವನ್ನು ತೋರಿಸಲು ಓಡುವುದಿಲ್ಲ. ಆ ಮುದಿ ಮುಖ, ಆ ದನಿ, ಅಷ್ಟೇ ಸಾಕು ಅನ್ನುತ್ತದೆ. ನೆನಪು ಅನ್ನೋದು ಹೇಳುವವನ ಮುಖದಲ್ಲಿದೆ ಎಂದು ನಂಬಿದ ಕ್ಯಾಮೆರಾ ಇದು.

ಇನ್ನು ಜಗಳ. ನೂರೊಂದು ವರ್ಷದ ಮುದುಕ ಸತ್ತ. ಐದು ಎಕರೆ ಜಮೀನು ಅವನ ಹೆಸರಲ್ಲೇ ಇದೆ. ಅದನ್ನು ಮಾರಲು ಮೊಮ್ಮಗ ತಮ್ಮಣ್ಣ, ಬದುಕಿರುವ ಅಪ್ಪ ಗಡ್ಡಪ್ಪನನ್ನು ಕಾಗದದ ಮೇಲೆ ಸಾಯಿಸುತ್ತಾನೆ. ನಾವೆಲ್ಲ ನಕ್ಕೆವು. ಯಾಕೆ ನಗು ಬಂತು? ಆ ಮನೆಯ ನೆನಪಿಗೆ ಪಹಣಿಯ ಆಸರೆ ಇದೆ. ಕಾಗದ ಸುಳ್ಳು ಹೇಳಿದರೂ ಜಮೀನು ಅವರದ್ದೇ ಎಂಬ ಬಗ್ಗೆ ಊರಿನಲ್ಲಿ ಯಾರಿಗೂ ಅನುಮಾನವಿಲ್ಲ. ಕತೆ ಗೌಡರ ಮನೆಯ ಹೊಸಿಲಿಂದ ಹೊರಟು ಕುರಿಗಾಹಿಗಳ ತನಕ ನಡೆಯುತ್ತದೆ. ಕೇರಿಯ ದಾರಿ ಹಿಡಿಯುವುದಿಲ್ಲ.

ಹಿಡಿದಿದ್ದರೆ ಇದೇ ಕತೆ ನಗುವಿನ ಕತೆಯಾಗಿ ಉಳಿಯುತ್ತಿರಲಿಲ್ಲ. ದರಖಾಸ್ತಿನಲ್ಲಿ ಸಿಕ್ಕ ತುಂಡು ನೆಲ ಮದುವೆಯ ಸಾಲಕ್ಕೋ ಬರಗಾಲದ ಹಸಿವಿಗೋ ಒಂದು ಹೆಬ್ಬೆಟ್ಟಿನ ಗುರುತಿನಲ್ಲಿ ಕೈಬಿಟ್ಟುಹೋದದ್ದು ಕೇರಿಯವರ ಪಾಡು. ಬದುಕಿರುವಾಗಲೇ ಕಾಗದದ ಮೇಲೆ ಇಲ್ಲವಾದವರು ಇವರು. ಇದಕ್ಕೆಂದೇ 1978ರ ಪಿಟಿಸಿಎಲ್ ಕಾಯ್ದೆ ಬಂತು: ಷರತ್ತು ಮೀರಿ ಪರಭಾರೆಯಾದ ಮಂಜೂರಿ ಜಮೀನು ಪಡೆದವರಿಗೆ, ಇಲ್ಲವೇ ಅವರ ವಾರಸುದಾರರಿಗೆ ಮರಳಬೇಕು. 1984ರಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. 2017ರಲ್ಲಿ ಅದೇ ಕೋರ್ಟು, ವಿನಾಕಾರಣ ತಡಮಾಡಿ ಬಂದ ಅರ್ಜಿ ನಿಲ್ಲದು ಅಂದಿತು. ಬಡವನ ನೆನಪಿಗೂ ವಾಯಿದೆ! ಆ ವಾಯಿದೆಯನ್ನು ತೆಗೆಯಲು 2023ರಲ್ಲಿ ಕಾಯ್ದೆಗೆ ತಿದ್ದುಪಡಿ ತರಬೇಕಾಯಿತು.

ತಮಗೆ ಗೊತ್ತಿದ್ದ ಮನೆಯ ಕತೆ ಹೇಳಿದವರನ್ನು ನಾವು ದೂರುವುದಿಲ್ಲ. ಅವರು ಪ್ರಾಮಾಣಿಕವಾಗಿ ಹೇಳಿದರು. ನಮ್ಮ ತಕರಾರು, ಆ ಮನೆಯನ್ನೇ 'ಮಂಡ್ಯದ ಹಳ್ಳಿ' ಎಂದು ಕರೆದು ಸುಮ್ಮನಾಗುವವರ ಬಗ್ಗೆ. ಊರು ಅಂದರೆ ಅರ್ಧ ಊರಲ್ಲ.

ಈಗ ಕ್ಯಾಮೆರಾ ಮದ್ದೂರು, ಮಳವಳ್ಳಿ ಕಡೆಯ ಕೇರಿ ಹುಡುಗರ ಜೇಬಿನಲ್ಲೇ ಇದೆ. 'ತಿಥಿ' ಕಲಿಸಿದ ತಾಳ್ಮೆಯನ್ನು ಅವರು ಎರವಲು ಪಡೆಯಲಿ. ನೆಲ ಕಳಕೊಂಡ ಅಜ್ಜಿಯ ಎದುರು ಕೂತು, "ಯಾವ ಬದು ನಮ್ದಾಗಿತ್ತವ್ವ, ತೋರ್ಸು" ಅಂತ ಕೇಳಲಿ. ಆಕೆ ಬೆರಳು ಚಾಚಿದ ಕಡೆಗೆ ಕ್ಯಾಮೆರಾ ತಿರುಗಲಿ. ಆ ಚಿತ್ರವನ್ನು ನೋಡಲು, ಅದರ ಜೊತೆಗೂ ಜಗಳವಾಡಲು ನಾವು ಕಾದಿದ್ದೇವೆ.